ಅಂಗೈವೀರನ ನಡುಕ

ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ನಾಲ್ಕು ಗೀಟು ನೆಟ್ಟಗೆ ಎಳೆಯಲು ಬಾರದ ನಾನು, ಗೀಟನ್ನೇ ನಂಬಿ ಬದುಕುವ ಇಬ್ಬರ ಪ್ರೀತಿಯ ಕಥೆ ಹೇಳಲು ಹೊರಟಿದ್ದೇನೆ. ಅವರ ಕಸುಬಿನ ಮಾತು ಎಲ್ಲಾದರೂ ತಪ್ಪಿದರೆ ಆ ತಪ್ಪು ನನ್ನದು. ಪ್ರೀತಿಯ ಮಾತು ತಪ್ಪಿದರೂ ನನ್ನದೇ. ಆದರೂ ಹೇಳದೆ ಇರಲು ಮನಸ್ಸು ಒಪ್ಪುತ್ತಿಲ್ಲ.

ಆ ಸ್ಟುಡಿಯೋದಲ್ಲಿ ಅವನನ್ನು ಗೀಚಪ್ಪ ಎಂದೂ ಅವಳನ್ನು ರಬ್ಬರಮ್ಮ ಎಂದೂ ಕರೆಯುತ್ತಿದ್ದರು. ಹೆಸರಿಟ್ಟವರು ಯಾರೋ, ಕೆಲಸ ನೋಡಿಯೇ ಇಟ್ಟಿದ್ದರು. ಅಲ್ಲಿ ಹಳೆಯ ಕಾಮಿಕ್ಸ್ ಪುಸ್ತಕವೊಂದನ್ನು ಆನಿಮೇಷನ್ ಸಿನಿಮಾ ಮಾಡುತ್ತಿದ್ದರು. ಕಂಪ್ಯೂಟರ್ ಬೇಡ, ಪುಸ್ತಕದಲ್ಲಿದ್ದ ಹಾಗೆಯೇ ಕಾಗದದ ಮೇಲೆ ಪೆನ್ಸಿಲ್ ಗೀಟಿನಲ್ಲೇ ಆಗಬೇಕು ಎಂದು ಡೈರೆಕ್ಟರ್ ಮೇಡಂ ಹಟ ಹಿಡಿದಿದ್ದರು. ಪಾತ್ರ ಓಡುವುದು, ಮುಗ್ಗರಿಸುವುದು, ನಿಟ್ಟುಸಿರು ಬಿಡುವುದು ಎಲ್ಲವನ್ನೂ ಅವನು ನೀಲಿ ಪೆನ್ಸಿಲಿನಲ್ಲಿ ಗೀಚಿ ಕಳಿಸುತ್ತಿದ್ದ. ಒಂದೊಂದು ಕೈಗೂ ಹತ್ತಾರು ಗೀಟು. ಅವಳು ಆ ಹಾಳೆಯನ್ನು ಬೆಳಕಿನ ಮೇಜಿನ ಮೇಲಿಟ್ಟು, ಅದರ ಮೇಲೊಂದು ಹೊಸ ಹಾಳೆ ಹಾಸಿ, ಅಷ್ಟರಲ್ಲಿ ಸರಿಯಾದ ಒಂದೇ ಗೀಟನ್ನು ಆರಿಸಿ ಕಪ್ಪು ಪೆನ್ಸಿಲಿನಲ್ಲಿ ಎಳೆಯುತ್ತಿದ್ದಳು. ತೆರೆಯ ಮೇಲೆ ಕಾಣುವ ಗೀಟು ಅವಳದು, ಅದರೊಳಗಿನ ಜೀವ ಅವನದು.

"ರಬ್ಬರಮ್ಮ, ನಿನ್ನೆ ನನ್ನದೊಂದು ಮೂಗು ಕಳುವಾಗಿದೆ," ಎಂದು ಅವನು ಬೆಳಿಗ್ಗೆ ಬಂದು ಅವಳ ಮೇಜಿಗೆ ಒರಗಿ ನಿಲ್ಲುತ್ತಿದ್ದ.

"ಒಂದು ಮುಖಕ್ಕೆ ಮೂರು ಮೂಗು ಬರ್ದಿದ್ರಿ. ಎರಡು ಬಿಟ್ಟೆ."

"ಇಟ್ಕೊಂಡಿದ್ದು ಯಾವ್ದು?"

"ನಿಮ್ಮ ಮೂಗಿನ ಥರ ಇರದೇ ಇದ್ದಿದ್ದು."

ಅವನು ಮೂಗು ಮುಟ್ಟಿ ನೋಡಿಕೊಂಡು, ತುಂಬ ನೊಂದವನ ಹಾಗೆ ಹೊರಟುಹೋಗುತ್ತಿದ್ದ. ಬಾಗಿಲ ಬಳಿ ಒಮ್ಮೆ ತಿರುಗುತ್ತಿದ್ದ. ಅವಳು ತಲೆ ಎತ್ತುತ್ತಿರಲಿಲ್ಲ. ಎತ್ತದಿದ್ದರೂ ಅವನು ತಿರುಗಿದ ಗಳಿಗೆ ಅವಳಿಗೆ ಗೊತ್ತಾಗುತ್ತಿತ್ತು. ಪೆನ್ಸಿಲ್ ತನ್ನಷ್ಟಕ್ಕೆ ತಾನೇ ನಿಂತುಬಿಡುತ್ತಿತ್ತು.

ಸಿನಿಮಾದ ನಾಯಕ ಅಂಗೈವೀರ. ಅವನು ಹಾರುವುದಿಲ್ಲ, ಯಾರನ್ನೂ ಗುದ್ದುವುದಿಲ್ಲ. ಬೀಳುವುದನ್ನು ತಡೆಯುವುದೊಂದೇ ಅವನ ಶಕ್ತಿ. ಗೋಡೆಯಾಗಲಿ, ಸೇತುವೆಯಾಗಲಿ, ಹಗ್ಗ ಕಡಿದ ಲಿಫ್ಟಾಗಲಿ, ಎರಡು ಅಂಗೈ ಮೇಲೆತ್ತಿ ಹಿಡಿದು ನಿಂತುಬಿಡುತ್ತಾನೆ. ಅಷ್ಟೂ ಪುಸ್ತಕಗಳಲ್ಲಿ ಅವನ ಕೈ ಒಮ್ಮೆಯೂ ನಡುಗಿಲ್ಲ. ಗೀಚಪ್ಪ ಆ ಪುಸ್ತಕಗಳನ್ನು ಓದಿದ್ದು ಅಪ್ಪನ ಕಟಿಂಗ್ ಅಂಗಡಿಯ ಬೆಂಚಿನ ಮೇಲೆ, ಗಿರಾಕಿಗಳಿಗೆಂದು ಇಟ್ಟಿದ್ದ ಹರಕು ಪ್ರತಿಗಳಲ್ಲಿ. "ಪುಟ ತಿರುಗಿಸಿದ್ರೆ ಯಾರದೋ ಕೂದಲು ಉದುರ್ತಿತ್ತು," ಎಂದು ಹೇಳಿ ಎಲ್ಲರನ್ನೂ ನಗಿಸುತ್ತಿದ್ದ. ಈ ಸಿನಿಮಾಕ್ಕಾಗಿ ಅವನು ಬೇರೆ ಎರಡು ಕೆಲಸ ಬಿಟ್ಟಿದ್ದ.

ಅವಳಿಗೆ ಆ ನಡುಕ ಮೊದಲು ಕಂಡದ್ದು ಒಂದು ಮಳೆಯ ದೃಶ್ಯದಲ್ಲಿ. ಒಂದೇ ಉಸಿರಿಗೆ ಹರಿಯುತ್ತಿದ್ದ ಅವನ ಗೀಟು, ತೋಳಿನ ತಿರುವಿನಲ್ಲಿ ಸಣ್ಣ ಗರಗಸದ ಅಂಚಿನಂತೆ ಆಗಿತ್ತು. ನಿದ್ದೆಗೆಟ್ಟು ಬರೆದಿರಬೇಕು ಎಂದುಕೊಂಡಳು. ಮುಂದಿನ ದೃಶ್ಯದಲ್ಲೂ ಅದೇ. ಆಮೇಲೊಂದು ದಿನ ಕ್ಯಾಂಟೀನಿನಲ್ಲಿ ಅವನು ಕಾಫಿ ಲೋಟವನ್ನು ಎಡಗೈಯಲ್ಲಿ ಎತ್ತಿದ. ಬಲಗೈಯನ್ನು ಎರಡು ಮಂಡಿಗಳ ನಡುವೆ ಒತ್ತಿ ಹಿಡಿದಿದ್ದ. ಯಾರಾದರೂ ನೋಡಿದರೇನೋ ಎಂದು ಸುತ್ತ ಕಣ್ಣಾಡಿಸಿದ. ಅವಳು ಕಿಟಕಿಯಾಚೆ ಏನೋ ಮುಖ್ಯವಾದದ್ದು ನಡೆಯುತ್ತಿದೆ ಎಂಬಂತೆ ಆ ಕಡೆ ಮುಖ ಮಾಡಿದಳು. ಅಲ್ಲಿ ನಿಲ್ಲಿಸಿದ್ದ ಒಂದು ಸೈಕಲ್ ಬಿಟ್ಟರೆ ಏನೂ ಇರಲಿಲ್ಲ.

ಆವತ್ತಿನಿಂದ ಅವಳು ಅವನ ಗೀಟನ್ನು ಬರೀ ಆರಿಸಲಿಲ್ಲ, ಆರೈಕೆ ಮಾಡಿದಳು. ನಡುಗಿದಲ್ಲೆಲ್ಲ ಅವನು ಮೊದಲು ಹೇಗೆ ಎಳೆಯುತ್ತಿದ್ದನೋ ಹಾಗೆ ಎಳೆದಳು. ಅವನ ಕೈಯ ನಡೆ ಅವಳ ಮಣಿಕಟ್ಟಿಗೆ ಬಾಯಿಪಾಠವಾಗಿತ್ತು. ಯಾರ ಹತ್ತಿರವೂ ಬಾಯಿ ಬಿಡಲಿಲ್ಲ. ಗೊತ್ತಾದರೆ ಅವನನ್ನು ಸಿನಿಮಾದಿಂದ ತೆಗೆದುಬಿಟ್ಟಾರು ಎಂಬ ಭಯ ಒಂದು. ತನಗೆ ಗೊತ್ತಿದೆ ಎಂದು ಅವನಿಗೆ ತಿಳಿದರೆ ಮೇಜಿಗೆ ಒರಗಿ ನಿಲ್ಲುವುದನ್ನೇ ಬಿಟ್ಟಾನು ಎಂಬ ಭಯ ಇನ್ನೊಂದು. ಎರಡರಲ್ಲಿ ಯಾವುದು ದೊಡ್ಡದು ಎಂದು ಅವಳು ತನ್ನನ್ನು ತಾನು ಕೇಳಿಕೊಳ್ಳಲಿಲ್ಲ.

ಕೊನೆಯ ದೃಶ್ಯ ಸೇತುವೆಯದು. ಗೀಚಪ್ಪನ ಹಾಳೆಗಳು ಬಂದಾಗ ಅಂಗೈವೀರನ ಕೈಯ ಗೀಟುಗಳು ಎಂದಿಗಿಂತ ಹೆಚ್ಚು ಅಲುಗಿದ್ದವು. ಅವನ ನಡುಕ ಜಾಸ್ತಿಯಾಗಿದೆ ಎಂದುಕೊಂಡು, ಅವಳು ಒಂದೊಂದೇ ಹಾಳೆಯಲ್ಲಿ ಆ ಕೈಯನ್ನು ಕಲ್ಲಿನ ಹಾಗೆ ನಿಲ್ಲಿಸಿದಳು.

ಪ್ರೊಜೆಕ್ಟರ್ ಕೋಣೆಯಲ್ಲಿ ಎಲ್ಲರೂ ಕೂತು ನೋಡಿದರು. ಸೇತುವೆ ಕುಸಿಯಿತು. ಅಂಗೈವೀರ ಹಿಡಿದು ನಿಂತ. ದೃಶ್ಯ ಮುಗಿಯಿತು.

"ನಡುಕ ಎಲ್ರೀ?" ಎಂದರು ಮೇಡಂ, ಗೀಚಪ್ಪನ ಕಡೆ ತಿರುಗಿ. "ಅವತ್ತು ನಿಮ್ಮ ರೂಮಿಗೆ ಬಂದು ಹೇಳಿದ್ನಲ್ಲ. ಇವನು ಇಷ್ಟು ಗಟ್ಟಿಗ ಆದ್ರೆ ನನಗ್ಯಾಕೆ ಭಯ ಆಗ್ಬೇಕು, ಒಂದು ಸಲ ಅವನ ಕೈ ನಡುಗಲಿ ಅಂತ. ನಾನು ಕೇಳಿದ್ದು ಮನುಷ್ಯನ್ನ. ಇಲ್ಲಿ ಕಂಬ ನಿಂತಿದೆ."

"ಹಾಕಿದ್ದೆ ಮೇಡಂ."

"ಹಾಕಿದ್ರೆ ಯಾರು ತಿಂದ್ರು?"

ರಬ್ಬರಮ್ಮ ಎದ್ದು ನಿಂತಳು. "ನಾನು ತೆಗೆದೆ."

"ಯಾಕಮ್ಮಾ? ಪಾತ್ರ ನಡುಗೋದಕ್ಕೂ ಗೀಟು ನಡುಗೋದಕ್ಕೂ ವ್ಯತ್ಯಾಸ ನಿನಗೆ ಗೊತ್ತಾಗಲ್ವಾ? ಬೇರೆಯವರಾದ್ರೆ ಸರಿ."

ಕಾರಣ ಹೇಳಿದರೆ ಅವಳು ಪಾರಾಗುತ್ತಿದ್ದಳು, ಅವನು ಮುಳುಗುತ್ತಿದ್ದ. "ಕಣ್ಣು ತಪ್ತು ಮೇಡಂ," ಎಂದಳು.

"ಈ ವಾರದೊಳಗೆ ಸರಿ ಮಾಡಿ," ಎಂದು ಮೇಡಂ ಎದ್ದರು.

ಅವನು ಅವಳನ್ನೇ ನೋಡುತ್ತಿದ್ದ. ಮೊದಲು ಬರೀ ಅಚ್ಚರಿ. ಆಮೇಲೆ, ಬೆಳಕಿನ ಮೇಜಿನ ಸ್ವಿಚ್ ಹಾಕಿದಾಗ ಅಡಿಯ ಹಾಳೆಗಳೆಲ್ಲ ಒಮ್ಮೆಗೇ ಕಾಣುವ ಹಾಗೆ, ಅವನ ಕಣ್ಣಿಗೆ ಎಲ್ಲವೂ ಕಂಡಿತು. ಬಲಗೈಯನ್ನು ಮೆಲ್ಲಗೆ ಜೇಬಿಗೆ ಇಳಿಬಿಟ್ಟು ಹೊರಗೆ ಹೋದ. ಬಾಗಿಲ ಬಳಿ ತಿರುಗಲಿಲ್ಲ.

ಮರುದಿನ ಅವನು ಅವಳ ಮೇಜಿನ ಹತ್ತಿರ ಸುಳಿಯಲಿಲ್ಲ. ಮಧ್ಯಾಹ್ನ ತಡೆಯಲಾರದೆ ಅವಳೇ ಅವನ ಕೋಣೆಗೆ ಹೋದಳು. ಅವನು ಹಳೆಯ ದೃಶ್ಯಗಳ ಕಟ್ಟುಗಳನ್ನೆಲ್ಲ ಬಿಚ್ಚಿ, ತನ್ನ ನೀಲಿ ಹಾಳೆಯ ಪಕ್ಕ ಅವಳ ಕಪ್ಪು ಹಾಳೆ ಇಟ್ಟುಕೊಂಡು ನೆಲದ ಮೇಲೆ ಕೂತಿದ್ದ.

"ಮಳೆ ಸೀನಿಂದಾನಾ?" ಎಂದ, ತಲೆ ಎತ್ತದೆ.

"ಹೂಂ."

"ಎಲ್ಲಾ ಸೀನೂ?"

"ಇಲ್ಲ. ಕೆಲವು ದಿನ ಚೆನ್ನಾಗೇ ಇರ್ತಿತ್ತು."

"ಪಾಪ ಅನ್ನಿಸ್ತಾ ನನ್ನ ನೋಡಿ?"

"ಅದಲ್ಲ."

"ಮತ್ತಿನ್ನೇನು? ಹೇಳು." ಅವನು ಅವಳನ್ನು ಏಕವಚನದಲ್ಲಿ ಮಾತಾಡಿಸಿದ್ದು ಅದೇ ಮೊದಲು. ಹೀಗೆ ಸಿಟ್ಟಿನಲ್ಲಿ ಬರುತ್ತದೆ ಎಂದು ಅವಳು ಕನಸಿನಲ್ಲೂ ಎಣಿಸಿರಲಿಲ್ಲ.

"ನಾನು ಪ್ರತಿ ಸಲ ತೆರೆ ಮೇಲೆ ನೋಡ್ತಿದ್ದೆ," ಎಂದ ಅವನು, ಈಗ ದನಿ ತಗ್ಗಿಸಿ. "ಗೀಟು ಎಷ್ಟು ಗಟ್ಟಿಯಾಗಿದೆ ಅಂತ. ಕೈ ಅಲುಗೋದು ನನ್ನ ಭ್ರಮೆ, ಕೆಲಸದಲ್ಲಿ ಏನೂ ಕಾಣ್ತಿಲ್ವಲ್ಲ ಅಂತ. ಅಕ್ಕ ಡಾಕ್ಟರ ಹತ್ರ ಹೋಗು ಅಂತ ಬಾಯಿ ಬಡ್ಕೊಂಡ್ಲು. ಬಾ ಅಕ್ಕ, ನೀನೇ ನೋಡು ಅಂತ ಇಲ್ಲಿಗೆ ಕರ್ಕೊಂಡು ಬಂದು ತೋರಿಸ್ದೆ. ಅವಳೂ ನಂಬಿದ್ಲು. ಸಮಾಧಾನವಾಗಿ ಮನೆಗೆ ಹೋದ್ಲು."

ಅವನ ಕೆಲಸ ಉಳಿಸುತ್ತಿದ್ದೇನೆ ಎಂದಷ್ಟೇ ಅವಳು ತಿಳಿದಿದ್ದಳು. ಅವನ ಕಣ್ಣಿಗೇ ಮಣ್ಣೆರಚುತ್ತಿದ್ದೇನೆ ಎಂದು ಹೊಳೆದಿರಲಿಲ್ಲ.

"ಅಪ್ಪಂಗೂ ಹೀಗೇ ಶುರುವಾಗಿದ್ದು. ಗಿರಾಕಿಗಳೆಲ್ಲ ಒಳ್ಳೆಯವರು, ಒಬ್ರೂ ಮುಖಕ್ಕೆ ಹೇಳ್ಲಿಲ್ಲ. ಸುಮ್ನೆ ಬರೋದು ಬಿಟ್ರು. ಕೊನೆಗೆ ಉಳಿದ ಗಿರಾಕಿ ನಾನೊಬ್ನೇ. ಕಣ್ಣು ಮುಚ್ಕೊಂಡು ಕೂರ್ತಿದ್ದೆ. ಕತ್ತರಿ ಕಿವಿಗೆ ತಾಗಿದ್ರೂ, ಚೆನ್ನಾಗಿ ಬಂತಪ್ಪ ಅಂತಿದ್ದೆ." ಅವನ ಬೆರಳು ಕಿವಿಯ ಮೇಲಂಚಿನ ಹಳೆಯ ಗಾಯವನ್ನು ಮುಟ್ಟಿತು. "ನಾನು ಅಪ್ಪಂಗೆ ಮಾಡಿದ್ದನ್ನೇ ನೀನು ನನಗೆ ಮಾಡಿದೆ."

ಅವಳು ಆ ಗಾಯವನ್ನು ನೋಡಿದಳು.

"ಹಾಗಾದ್ರೆ ಅದು ಪಾಪ ಅಂತ ಮಾಡಿದ್ದಲ್ಲ ಅಂತ ನಿಮಗೇ ಗೊತ್ತು," ಎಂದಳು.

ಅವನ ಕೈಯಲ್ಲಿದ್ದ ಹಾಳೆಗಳು ಸರಸರ ಸದ್ದು ಮಾಡುತ್ತಿದ್ದವು. ಅವನು ಅವನ್ನು ಕೆಳಗಿಟ್ಟ.

ಸೇತುವೆಯ ದೃಶ್ಯ ಮತ್ತೆ ಅವಳ ಮೇಜಿಗೆ ಬಂತು. ಅವನ ಹಾಳೆಗಳಲ್ಲಿ ನಡುಕ ಇದ್ದೇ ಇತ್ತು, ಇನ್ನೊಮ್ಮೆ ಎಳೆದರಾಯಿತು ಎಂದುಕೊಂಡು ಕೂತಳು. ಎರಡು ದಿನ ಕೂತರೂ ಒಂದು ಹಾಳೆಯೂ ಮುಗಿಯಲಿಲ್ಲ. ಕೊನೆಗೆ ಅವನನ್ನು ಕರೆಸಿದಳು.

"ಇದರಲ್ಲಿ ಅಂಗೈವೀರನ ನಡುಕ ಯಾವ್ದು, ನಿಮ್ದು ಯಾವ್ದು? ನನಗೆ ಗೊತ್ತಾಗ್ತಿಲ್ಲ."

ಅವನು ಬೆಳಕಿನ ಮೇಲೆ ಬಗ್ಗಿದ. ಒಂದು ಹಾಳೆ ನೋಡಿದ, ಇನ್ನೊಂದು ನೋಡಿದ. ಮೇಜಿನ ಬೆಳಕು ಅವನ ಗಲ್ಲಕ್ಕೆ ಬಡಿದಿತ್ತು.

"ನನಗೂ ಗೊತ್ತಾಗ್ತಿಲ್ಲ," ಎಂದ.

"ಹೊಸದಾಗಿ ಬರೀತೀರಾ?"

"ನೋಡಿದೆ. ಆಗ್ಲಿಲ್ಲ. ನಡುಕ ಬರೆಯೋಕೆ ಗಟ್ಟಿ ಕೈ ಬೇಕು ರಬ್ಬರಮ್ಮ. ನಂದು ಬೇಕಾದಲ್ಲಿ ನಡುಗಲ್ಲ, ಬೇಡವಾದಲ್ಲಿ ನಡುಗುತ್ತೆ." ನಗಲು ನೋಡಿದ. ನಗು ಅರ್ಧಕ್ಕೇ ನಿಂತಿತು.

ಅವನು ಬಾಗಿಲ ಕಡೆ ನೋಡಿದ. ಎದ್ದು ಹೋಗಿಬಿಡುತ್ತಾನೆ ಎಂದುಕೊಂಡಳು. ಅವನು ಬಾಗಿಲು ಮುಂದೆ ಮಾಡಿ ಬಂದು, ಸ್ಟೂಲ್ ಎಳೆದುಕೊಂಡು ಅವಳ ಎದುರು ಕೂತ. ಜೇಬಿನಿಂದ ಬಲಗೈ ತೆಗೆದ. ಅಂಗೈಯನ್ನು ತಲೆಯ ಮೇಲೆತ್ತಿ, ಏನನ್ನೋ ತಡೆದು ಹಿಡಿದವನ ಹಾಗೆ ಬಿಡಿಸಿದ.

"ಬರಿ," ಎಂದ. "ಮುಚ್ಚಿಟ್ಟಿದ್ದು ಸಾಕು."

ಅವಳು ನೋಡಿದಳು. ಇಷ್ಟು ದಿನ ಕಿಟಕಿ, ಸೈಕಲ್, ಹಾಳೆ ನೋಡಿಯೇ ಕಾಲ ಕಳೆದಿದ್ದವಳು ಈಗ ಕಣ್ಣು ಕೀಳದೆ ನೋಡಿದಳು. ನಡುಕ ಬೆರಳಲ್ಲಿ ಹುಟ್ಟುತ್ತಿರಲಿಲ್ಲ. ಮಣಿಕಟ್ಟಿನಲ್ಲಿ ಹುಟ್ಟಿ, ಹೆಬ್ಬೆರಳಿಗೆ ಹತ್ತಿ, ಅಲ್ಲೊಂದಿಷ್ಟು ತಡೆದು, ಕಿರುಬೆರಳಿಗೆ ಹೋಗಿ ಸುಮ್ಮನಾಗುತ್ತಿತ್ತು. ಮತ್ತೆ ಶುರುವಾಗುತ್ತಿತ್ತು. ಅವಳು ಹಾಳೆಯ ಮೇಲೆ ಹಾಳೆ ಬರೆದಳು. ಎಷ್ಟೋ ಹೊತ್ತಿನ ಮೇಲೆ ಕಾಗದದ ಮೂಲೆಗೆ ಒಂದು ಹನಿ ಬಿತ್ತು.

"ಹಾಳೆ ಒದ್ದೆ ಮಾಡ್ಬೇಡ. ಮತ್ತೆ ಮೊದಲಿಂದ ಕೈ ಎತ್ತೋಕೆ ನನ್ನಿಂದಾಗಲ್ಲ."

"ಭುಜ ನೋಯ್ತಿದ್ಯಾ?"

"ಅಂಗೈವೀರನಿಗೆ ನೋಯಲ್ಲ. ನನಗೆ ನೋಯ್ತಿದೆ."

ಅವಳು ಎಡಗೈ ಚಾಚಿ ಅವನ ಮೊಣಕೈ ಕೆಳಗೆ ಅಂಗೈಯೊಡ್ಡಿದಳು. ಬಲಗೈಯಲ್ಲಿ ಬರೆಯುತ್ತಲೇ ಇದ್ದಳು. ಅವನ ಕೈಯ ನಡುಕ ಅವಳ ಅಂಗೈಗೆ ಇಳಿಯಿತು, ತೋಳಿಗೆ ಏರಿತು.

"ಬಿಡು, ನಾನೇನೂ ಬೀಳಲ್ಲ."

"ಬೀಳ್ತೀರಿ ಅಂತ ಹಿಡ್ಕೊಂಡಿಲ್ಲ."

ಅವನು ಅವಳ ಬಗ್ಗಿದ ನೆತ್ತಿಯನ್ನು, ಪೆನ್ಸಿಲ್ ಮಸಿ ಹತ್ತಿದ ಕೆನ್ನೆಯನ್ನು ನೋಡುತ್ತ ಕೂತ. "ಇಷ್ಟು ನೋಡಿದ ಮೇಲೂ 'ನೀವು' ಯಾಕೆ?" ಎಂದ.

"ಒಂದು ಮಾತು ಒಪ್ಕೊಂಡ್ರೆ ಬಿಡ್ತೀನಿ. ನಾನು ಇನ್ಮೇಲೆ ಏನೂ ಅಳಿಸಲ್ಲ. ಇದ್ದಿದ್ದು ಇದ್ದ ಹಾಗೆ ಹೇಳ್ತೀನಿ. ಮೇಡಂಗೆ ನೀವೇ ಹೇಳ್ಬೇಕು. ಡಾಕ್ಟರ ಹತ್ರ ನಾನೂ ಬರ್ತೀನಿ."

"ಇವರು ನಿಮಗೇನಾಗ್ಬೇಕು ಅಂತ ಡಾಕ್ಟರು ಕೇಳಿದ್ರೆ?"

"ನನ್ನ ಮೂಗು ಕದ್ದವಳು ಅಂತ ಹೇಳು."

ಹೇಳು. ಆ ಪದ ಇಬ್ಬರ ನಡುವೆ ಸ್ವಲ್ಪ ಹೊತ್ತು ಹಾಗೇ ನಿಂತಿತು. ಅವನು ಕೈ ಇಳಿಸಿದ. ಇಳಿಸಿದ ಕೈಯನ್ನು ಜೇಬಿಗೆ ಹಾಕಿಕೊಳ್ಳಲಿಲ್ಲ, ಅವಳ ಅಂಗೈಯಲ್ಲೇ ಬಿಟ್ಟ.

ಅವನು ಹೇಳಿದ್ದನ್ನೆಲ್ಲ ಮೇಡಂ ಕೇಳಿಸಿಕೊಂಡು, ಕನ್ನಡಕ ತೆಗೆದು ಒರೆಸಿದರು. "ಈ ಸೀನು ಹೀಗೇ ಇರಲಿ. ಮುಂದಿನ ಸಿನಿಮಾದ ಮಾತು ಆಮೇಲೆ," ಎಂದರು. ಆಮೇಲೆ ಎಂಬುದರ ಅರ್ಥವನ್ನು ಅವನೂ ಕೇಳಲಿಲ್ಲ, ಅವರೂ ಹೇಳಲಿಲ್ಲ.

ಆಸ್ಪತ್ರೆಗೆ ಅವನ ಅಕ್ಕನೂ ಬಂದಳು. ಬೆಂಚಿನ ಮೇಲೆ ರಬ್ಬರಮ್ಮನನ್ನು ಅಡಿಯಿಂದ ಮುಡಿವರೆಗೆ ನೋಡಿದಳು. "ಅವತ್ತು ನನಗೆ ತೋರಿಸಿ ಮರುಳು ಮಾಡಿದ ಗೀಟು ನಿಂದೇನಾ?"

"ಹೌದಕ್ಕ."

"ಗೀಟೇನೋ ಚೆನ್ನಾಗಿತ್ತು," ಎಂದಳು ಅಕ್ಕ. ಸಿಟ್ಟು ಇಳಿದಿರಲಿಲ್ಲ. ಆದರೂ ಸರಿದು ಕೂತು ಪಕ್ಕದಲ್ಲಿ ಜಾಗ ಮಾಡಿದಳು.

ಸಿನಿಮಾ ತೆರೆಗೆ ಬಂತು. ಸೇತುವೆಯ ದೃಶ್ಯದಲ್ಲಿ ಅಂಗೈವೀರನ ಕೈ ನಡುಗಿದಾಗ ಥಿಯೇಟರ್ ಉಸಿರು ಬಿಗಿಹಿಡಿಯಿತು. ಹಿಂದಿನ ಸಾಲಿನಲ್ಲಿ ಒಬ್ಬರು, "ನಮ್ಮ ಅಂಗೈವೀರ ಯಾವತ್ತು ನಡುಗಿದ್ದ?" ಎಂದು ಗೊಣಗಿದರು. ಕತ್ತಲಲ್ಲಿ ಅವಳು ಅವನ ಕೈ ಹುಡುಕಿದಳು. ಅದು ಅವಳಿಗಾಗಿಯೇ ತೆರೆದುಕೊಂಡು ಮಡಿಲಲ್ಲಿ ಕಾಯುತ್ತಿತ್ತು, ನಡುಗುತ್ತಲೇ.

ಇಷ್ಟು ನನಗೆ ಗೊತ್ತು. ಡಾಕ್ಟರು ಮಾತ್ರೆ ಕೊಟ್ಟಿದ್ದಾರೆ, ಕೆಲವು ದಿನ ಕೈ ಮಾತು ಕೇಳುತ್ತದೆ, ಕೆಲವು ದಿನ ಕೇಳುವುದಿಲ್ಲ. ಅವನು ಹೊರಗೆ ನಿಂತಿದ್ದಾಗ ಅವಳು ಒಬ್ಬಳೇ ಡಾಕ್ಟರನ್ನು ಕೇಳಿದಳಂತೆ: ಆ ಮಳೆಯ ದೃಶ್ಯದ ಹೊತ್ತಿಗೇ ಬಂದಿದ್ದರೆ ವ್ಯತ್ಯಾಸ ಆಗುತ್ತಿತ್ತೇ ಎಂದು. ಹೇಳಲಾಗುವುದಿಲ್ಲ ಎಂದರಂತೆ. ಅವಳು ಅದನ್ನೂ ಅವನಿಗೆ ಇದ್ದ ಹಾಗೆಯೇ ಹೇಳಿದಳು. ಅದಕ್ಕೆ ಅವನು ಏನೆಂದ ಎಂಬುದನ್ನು ಇಬ್ಬರೂ ಯಾರಿಗೂ ಹೇಳಿಲ್ಲ. ನನಗೂ ಗೊತ್ತಿಲ್ಲ.