ವಧುವಿನ ಆಕ್ಷೇಪ

"ಈ ಮದುವೆಗೆ ಏನಾದರೂ ಅಡ್ಡಿ ಇರುವುದು ಯಾರಿಗಾದರೂ ತಿಳಿದಿದ್ದರೆ ಚರ್ಚಿನ ವಿಗಾರರಿಗೆ ತಿಳಿಸಬೇಕು" ಎಂದು ಫಾದರ್ ಆಲ್ಫೋನ್ಸ್, ಮೂರು ಭಾನುವಾರ ಓದಬೇಕಾದ ಮದುವೆಯ ಪ್ರಕಟಣೆಯನ್ನು ಎರಡನೆಯ ಸಲ ಓದಿ ಮುಗಿಸಿದರು. ಹೆಂಗಸರ ಸಾಲಿನ ಕುತ್ತಿಗೆಗಳೆಲ್ಲ ಒಟ್ಟಿಗೆ ತಿರುಗಿದವು. ಗ್ಲ್ಯಾಡಿಸ್ ಟೀಚರ್ ನಾಚುವುದನ್ನು ನೋಡಬೇಕಿತ್ತು ಅವರಿಗೆ.

ಗ್ಲ್ಯಾಡಿಸ್ ನಾಚಲಿಲ್ಲ. ಪೂಜೆ ಮುಗಿದದ್ದೇ ತಡ, ತಲೆಯ ಸೆರಗು ಸರಿಮಾಡಿಕೊಂಡು ನೇರ ಆಲ್ತಾರಿನ ಹಿಂದಿನ ಕೋಣೆಗೆ ನಡೆದಳು.

"ಫಾದರ್, ಅಡ್ಡಿ ಉಂಟು."

"ಯಾವ ಮದುವೆಗೆ ಬಾಯೇ?"

"ನನ್ನದಕ್ಕೆ."

ನಿಲುವಂಗಿ ಕಳಚುತ್ತಿದ್ದ ಫಾದರ್ ಒಂದು ತೋಳಿನಲ್ಲೇ ನಿಂತುಬಿಟ್ಟರು. "ಕಜೆಟನಿಗೆ ಬೇರೆ ಹೆಂಡತಿ ಉಂಟಾ?"

"ಒಬ್ಬಳೊಟ್ಟಿಗೆ ಮಾತಾಡಲಿಕ್ಕೇ ಧೈರ್ಯ ಇಲ್ಲ ಅವರಿಗೆ."

"ರಕ್ತಸಂಬಂಧ?"

"ಇಲ್ಲ ಫಾದರ್."

"ಮತ್ತೆಂತ ಮಾರಾಯ್ತಿ?"

"ವೋಟು."

ಕಳೆದ ವಾರ ಚರ್ಚಿನ ವಾರ್ಡಿನ ಸಭೆ ಇತ್ತು. ವಾರ್ಡಿಗೊಬ್ಬ ಗುರ್ಕಾರನನ್ನು ಆರಿಸಬೇಕು. ಮನೆಮನೆಯ ಜಗಳ ಬಿಡಿಸುವವನು, ಸತ್ತವರ ಮನೆಗೆ ಮೊದಲು ಹೋಗುವವನು ಅವನೇ. ಮನೆಗೊಂದು ವೋಟು, ಅದನ್ನು ಹಾಕುವವ ಗಂಡಸು. ಹಿಂದಿನಿಂದ ಬಂದ ಪದ್ಧತಿ. ಆದರೆ ಹಿಂದೆ ಗಂಡಸರು ಊರಲ್ಲಿದ್ದರು. ಈಗ ಕೆಲವರು ಬಹರೈನಿನಲ್ಲಿ, ಕೆಲವರು ಬೊಂಬಾಯಿಯಲ್ಲಿ. ಅರ್ಧಕ್ಕಿಂತ ಹೆಚ್ಚು ಮನೆಯವರು ಸೇರಬೇಕೆಂಬ ನಿಯಮವೂ ಇತ್ತು. ಸೇರಿದ್ದರು, ಆದರೆ ಹೆಚ್ಚಿನವರು ಲೆಕ್ಕಕ್ಕಿಲ್ಲದ ಹೆಂಗಸರು, ಅಡಿಗೆಕೋಣೆಯಲ್ಲಿ ಕಾಫಿ ಸೋಸುತ್ತಿದ್ದರು.

ಗ್ಲ್ಯಾಡಿಸ್ ಎದ್ದು ನಿಂತು, ನಮ್ಮ ಮನೆಯ ವೋಟು ನಾನು ಹಾಕುತ್ತೇನೆ ಎಂದಿದ್ದಳು. ಅಪ್ಪ ತೀರಿಕೊಂಡಿದ್ದರು, ಅಣ್ಣ ಪೀಟರ್ ಬಹರೈನಿನಲ್ಲಿದ್ದ. ಹಳೆಯ ಗುರ್ಕಾರ ಸಿಲ್ವೆಸ್ಟರ್ ಮೀಸೆಯಲ್ಲೇ ನಕ್ಕರು. "ಪೀಟರ್ ರಜೆಯಲ್ಲಿ ಬಂದಾಗ ಹಾಕ್ತಾನೆ ಬಾಯೇ. ನೀನು ಕಾಫಿ ತಾ."

ವಾರ್ಡಿನ ಕಾರ್ಯದರ್ಶಿ ಕಜೆಟನ್. ಅವಳು ಅವನ ಕಡೆ ನೋಡಿದ್ದಳು. ಎರಡು ವರ್ಷ ಹಿರಿಯಡ್ಕದಿಂದ ಮಣಿಪಾಲಕ್ಕೆ ಹೋಗುವ ಬಸ್ಸಿನಲ್ಲಿ, ಜನರ ಭುಜಗಳ ಸಂದಿಯಿಂದ ಅವಳನ್ನು ಹುಡುಕಿ ತೆಗೆಯುತ್ತಿದ್ದ ಆ ಕಣ್ಣುಗಳು ಅವತ್ತು ಮೇಜಿನ ಮೇಲಿನ ಬಿಸ್ಕಿಟಿನಲ್ಲಿ ಏನನ್ನೋ ಹುಡುಕುತ್ತಿದ್ದವು.

ಜನ ಸಾಲಲಿಲ್ಲವೆಂದು ಸಭೆ ಮುಂದೆ ಹೋಯಿತು. ದಾರಿಯಲ್ಲಿ ಕಜೆಟನ್ ಸಮಾಧಾನ ಹೇಳಿದ. "ಮದುವೆ ಆದ ಮೇಲೆ ನೀನು ಹೇಳಿದವರಿಗೇ ನಾನು ಹಾಕುವುದು. ಒಂದೇ ಮನೆ, ಒಂದೇ ವೋಟು ಅಲ್ವಾ?"

ಪ್ರೀತಿಯಿಂದಲೇ ಹೇಳಿದ್ದ. ಅದೇ ಅವಳಿಗೆ ತಡೆಯದಿದ್ದುದು.

ಫಾದರ್ ಎಲ್ಲ ಕೇಳಿ ಹಣೆ ಒತ್ತಿಕೊಂಡರು. "ಮೂರನೆಯ ಸಲ ಓದಬೇಕಾ, ಬೇಡವಾ? ಅದು ಹೇಳು."

"ಸದ್ಯಕ್ಕೆ ಬೇಡ ಫಾದರ್."

ಅವಳು ಮನೆ ಮುಟ್ಟುವಷ್ಟರಲ್ಲಿ ಸುದ್ದಿ ಮುಟ್ಟಿತ್ತು. ಅಮ್ಮ ವೆರೊನಿಕಾ ಹೊಸ್ತಿಲಲ್ಲಿ ಕೂತು, "ಸಾಯ್ಬಾ, ಇನ್ನು ಯಾರು ಕಟ್ಟಿಕೊಳ್ಳುತ್ತಾರೆ ಇದನ್ನು!" ಎಂದು ಬೊಬ್ಬೆ ಹಾಕುತ್ತಿದ್ದರು. ಮಧ್ಯಾಹ್ನದ ಉರಿಯಲ್ಲಿ ಕಜೆಟನ್ ಸೈಕಲ್ ತುಳಿದುಕೊಂಡು ಬಂದ. ಅಂಗಳದಲ್ಲಿ ಗ್ಲ್ಯಾಡಿಸ್ ಹಲಸಿನ ಹಪ್ಪಳ ಮಗುಚುತ್ತಿದ್ದಳು. ಬೆವರಿಗೆ ಅವನ ಶರ್ಟು ಬೆನ್ನಿಗಂಟಿತ್ತು. ಕೂದಲು ಹಣೆಯ ಮೇಲೆ ಬಿದ್ದಿತ್ತು. ಹಾಳಾದವನು, ಸಿಟ್ಟಿನಲ್ಲೂ ಚಂದ ಕಾಣುತ್ತಾನೆ ಎಂದು ಅವಳಿಗೆ ಇನ್ನಷ್ಟು ಸಿಟ್ಟು ಬಂತು.

"ತಲೆ ಸರಿ ಉಂಟಾ ನಿನಗೆ? ಬೆಳಿಗ್ಗೆಯಿಂದ ಊರಿಡೀ ನಗಾಡುತ್ತಾ ಉಂಟು!"

"ಆಸ್ಪತ್ರೆಯಲ್ಲಿ ಎಕ್ಸ್‌ರೇ ತೆಗೆಯುವವರು ನೀವು. ಜನರ ಎಲುಬಿನ ಒಳಗೆಲ್ಲ ಕಾಣುತ್ತದೆ. ನನ್ನ ಮುಖ ನೋಡಿ ಎಂತದೂ ಗೊತ್ತಾಗಲಿಲ್ಲವಾ?"

"ಒಂದು ಗುರ್ಕಾರನ ವೋಟಿಗೆ ಇಷ್ಟು ರಂಪವಾ?"

"ಮಾರ್ಚ್‌ನಲ್ಲಿ ಶಾಲೆಯ ಬೂತಿನಲ್ಲಿ ನಾನು ವೋಟು ಹಾಕಿದೆ. ದಿಲ್ಲಿಯಲ್ಲಿ ಯಾರು ಕೂರಬೇಕು ಎಂದು ಹೇಳುವಷ್ಟು ಬುದ್ಧಿ ನನಗುಂಟು. ಸಿಲ್ವೆಸ್ಟರ್ ಬಾಪ್ಪು ಕೂರಬೇಕಾ ಎಂದು ಹೇಳಲಿಕ್ಕೆ ಸಾಲದಾ? ನಮ್ಮ ಜಿಲ್ಲೆ ಮದ್ರಾಸಿಗೆ ಸೇರಿದ್ದ ಕಾಲದಲ್ಲೇ ನನ್ನ ಅಜ್ಜಿ ಗದ್ದೆಯ ತೀರ್ವೆ ಕಟ್ಟುತ್ತಿದ್ದಳು, ಆ ಹಕ್ಕಿನಲ್ಲಿ ಮದ್ರಾಸಿನ ಕೌನ್ಸಿಲಿಗೆ ವೋಟು ಹಾಕಿದ್ದಳು. ಅದಕ್ಕೂ ಹೆಂಗಸರು ಅರ್ಜಿ ಹಿಡಿದು ಬಾಗಿಲು ಬಾಗಿಲು ತಿರುಗಿದ್ದು, ನಗಾಡಿಸಿಕೊಂಡದ್ದು. ಮಕ್ಕಳಿಗೆ ಇದನ್ನೆಲ್ಲ ಪಾಠ ಮಾಡುತ್ತೇನೆ ನಾನು. ಸಂಜೆ ಬಂದು ಕಾಫಿ ಕೊಡುತ್ತೇನೆ!"

ಕಜೆಟನ್ ಚಾಪೆಯ ಬದಿಯಲ್ಲಿ ಕುಕ್ಕುರುಗಾಲಲ್ಲಿ ಕೂತ. ತನಗೇ ಗೊತ್ತಿಲ್ಲದೆ ಒಂದು ಹಪ್ಪಳ ಮಗುಚಿದ. ಮತ್ತೊಂದು.

"ಹೆದರಿಕೆ ಗ್ಲ್ಯಾಡಿಸ್" ಎಂದ ತಗ್ಗಿದ ದನಿಯಲ್ಲಿ. "ಮದುವೆಗೆ ಮೊದಲೇ ಹೆಂಡತಿಯ ಸೆರಗು ಹಿಡಿದ ಎನ್ನುತ್ತಾರೆ."

"ಹಿಡಿದರೆ ಎಂತ ಆಗ್ತದೆ? ಸೆರಗಿಗೆ ಕರೆಂಟು ಉಂಟಾ?"

ಅವನಿಗೆ ನಗು ಬಂತು. ಅವಳಿಗೆ ಬರಲಿಲ್ಲ. ಅವಳ ಕಣ್ಣು ತುಂಬಿದ್ದು ನೋಡಿ ಅವನ ನಗು ಅರ್ಧಕ್ಕೇ ನಿಂತಿತು.

"ನಿಮ್ಮನ್ನು ಬಿಟ್ಟರೆ ನಾನು ಯಾರನ್ನೂ ಮದುವೆ ಆಗುವುದಿಲ್ಲ. ಆದರೆ ನಿಮ್ಮೊಳಗೆ ಕರಗಿ ಹೋಗಲಿಕ್ಕೆ ನಾನು ಸಕ್ಕರೆಯೂ ಅಲ್ಲ" ಎಂದು ಅವಳು ಎದ್ದು ಒಳಗೆ ಹೋದಳು.

ಸಂಜೆ ಮತ್ತೆ ಸಭೆ. ಅದೇ ಮನೆ, ಅದೇ ಜಗಲಿ, ಅದೇ ಕಾಫಿ. ಗ್ಲ್ಯಾಡಿಸ್ ಬಾಗಿಲ ಚೌಕಟ್ಟಿಗೆ ಒರಗಿ ನಿಂತಿದ್ದಳು. ಚುನಾವಣೆಗೆ ಸಿಲ್ವೆಸ್ಟರ್ ಎದುರು ನಿಂತವರು ಬಸ್ಸಿನ ಏಜೆಂಟ್ ವ್ಯಾಲೆಂಟೈನ್. ಕಾರ್ಯದರ್ಶಿಯ ಮನೆಯಿಂದಲೇ ಶುರುವಾಗಲಿ ಎಂದು ಫಾದರ್ ಚೀಟಿ ನೀಡಿದರು.

ಕಜೆಟನ್ ಚೀಟಿ ಮುಟ್ಟಲಿಲ್ಲ. "ನಮ್ಮ ಮನೆಯಲ್ಲಿ ಅಮ್ಮನೂ ಇದ್ದಾಳೆ ಫಾದರ್. ಅವಳಿಗಿಲ್ಲದ್ದು ನನಗೂ ಬೇಡ."

"ಓಹೋ! ಟೀಚರ್ ಪಾಠ ಚೆನ್ನಾಗಿ ಕಲಿಸಿದ್ದಾಳೆ!" ಎಂದು ಸಿಲ್ವೆಸ್ಟರ್ ತೊಡೆ ತಟ್ಟಿದರು. ಗಂಡಸರೆಲ್ಲ ನಕ್ಕರು. ಕಜೆಟನಿನ ಕಿವಿ ಕೆಂಪಾಯಿತು. ಆದರೂ ಅವನು ತಲೆ ಎತ್ತಿ, ಬಾಗಿಲ ಕಡೆಗೇ, ಅವಳ ಕಡೆಗೇ ನೋಡಿದ. ಎಲ್ಲರ ಎದುರು. ಕೆಳಗಿಳಿಯದ ಆ ನೋಟಕ್ಕೆ ಬೆಳಗ್ಗೆ ಬಾರದ ನಾಚಿಕೆ ಗ್ಲ್ಯಾಡಿಸಳ ಕೆನ್ನೆಗೆ ಈಗ ಬಂತು.

"ಹೌದು ಬಾಪ್ಪು, ಕಲಿಸಿದ್ದಾಳೆ" ಎಂದ.

ಫಾದರ್ ತಲೆಗಳನ್ನು ಎಣಿಸಿ ನೋಡಿ ನಿಟ್ಟುಸಿರಿಟ್ಟರು. "ಇವನು ಹಾಕದಿದ್ದರೆ ಇವತ್ತೂ ಜನ ಸಾಲುವುದಿಲ್ಲ. ಮೂರನೆಯ ಸಭೆಗೆ ಬರಲಿಕ್ಕೆ ನನ್ನಿಂದ ಆಗುವುದಿಲ್ಲ ಮಾರಾಯರೇ. ಹೆಂಗಸರೆಲ್ಲ ಹೊರಗೆ ಬನ್ನಿ. ಪ್ರಾಯಕ್ಕೆ ಬಂದವರಿಗೆಲ್ಲ ಒಂದೊಂದು ಚೀಟಿ. ಮುಗಿಯಿತು."

ಕಜೆಟನಿನ ಅಮ್ಮ ಸೆಲೀನ್‌ಬಾಯಿ ಒದ್ದೆ ಕೈ ಸೀರೆಗೆ ಒರೆಸಿಕೊಳ್ಳುತ್ತ ಬಂದರು. ವೆರೊನಿಕಾ ಬಂದರು. ಒಬ್ಬೊಬ್ಬರಾಗಿ ಅಡಿಗೆಕೋಣೆ ಖಾಲಿಯಾಯಿತು. ಒಲೆಯ ಮೇಲೆ ಹಾಲು ಉಕ್ಕಿತು, ಯಾರೂ ಓಡಲಿಲ್ಲ.

ಲೆಕ್ಕ ಮುಗಿದಾಗ ಸಿಲ್ವೆಸ್ಟರ್ ಹಿಂದೆಂದೂ ಕಾಣದಷ್ಟು ವೋಟಿನಿಂದ ಗೆದ್ದಿದ್ದರು!

"ಹೆಂಗಸರಿಗೆ ಬುದ್ಧಿ ಉಂಟು ಎಂದು ನಾನು ಯಾವಾಗಲೂ ಹೇಳುವುದು" ಎಂದರು ಸಿಲ್ವೆಸ್ಟರ್, ಮೀಸೆ ತೀಡುತ್ತ.

"ಎಂತಕ್ಕೆ ಅವರಿಗೇ ಹಾಕಿದ್ದು?" ಗ್ಲ್ಯಾಡಿಸ್ ಹಲ್ಲು ಕಚ್ಚಿ ಹೆಂಗಸರನ್ನು ಕೇಳಿದಳು.

"ನಿನ್ನ ಮಾವ ಸತ್ತ ದಿನ ಮೊದಲು ಹೆಗಲು ಕೊಟ್ಟದ್ದು ಅವನು" ಎಂದರು ಸೆಲೀನ್‌ಬಾಯಿ ಶಾಂತವಾಗಿ. "ನನ್ನ ವೋಟು, ನನ್ನಿಷ್ಟ. ನೀನೇ ಅಲ್ವಾ ಕೊಡಿಸಿದ್ದು?"

ಟೀಚರ್ ಮೆಟ್ಟಿಲಿಳಿದು ಅಂಗಳಕ್ಕೆ ನಡೆದಳು.

ಅಂಗಳದ ಕೊನೆಯಲ್ಲಿ ಕಜೆಟನ್ ಸೈಕಲ್ ಹಿಡಿದು ಕಾಯುತ್ತಿದ್ದ.

"ನೀನು ಯಾರಿಗೆ ಹಾಕಿದೆ?"

"ಹೇಳುವುದಿಲ್ಲ."

"ಗಂಡನಿಗೂ?"

"ಗಂಡ ಎಲ್ಲಿಂದ ಬಂದ? ಇನ್ನೂ ಒಂದು ಸಲ ಓದಲಿಕ್ಕೆ ಬಾಕಿ ಉಂಟು."

ಅವನ ಮುಖ ಸಣ್ಣದಾಯಿತು. "ಹಾಗಾದರೆ ನಾನು ಹೋಗಿ ಫಾದರ್ ಹತ್ತಿರ ಮಾತಾಡಲಾ?"

"ಬೇಡ." ಹ್ಯಾಂಡಲ್ ಮೇಲಿದ್ದ ಅವನ ಕೈಯನ್ನು ಅವಳು ಎಲ್ಲರಿಗೂ ಕಾಣುವ ಹಾಗೆ ಒಮ್ಮೆ ಒತ್ತಿದಳು. "ನನ್ನ ಒಪ್ಪಿಗೆ ನಾನೇ ಹೇಳಿ ಬರುತ್ತೇನೆ. ನೀವು ಇಲ್ಲೇ ನಿಲ್ಲಿ."

ಫಾದರ್ ಆಗಲೇ ಗೇಟು ದಾಟುತ್ತಿದ್ದರು. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಗ್ಲ್ಯಾಡಿಸ್ ಅವರ ಹಿಂದೆ ಓಡಿದಳು.