ಸಂಪಿಗೆ ತಂಡದ ಕಡೇ ಸಾಲಿನವಳು

ಇಪ್ಪತ್ತೆರಡು ವರ್ಷ ಮೇಜಿನ ಆಚೆ ಕೂತು ಊರವರ ದೂರು ಬರೆದುಕೊಂಡಿದ್ದ ಹೆಡ್ ಕಾನ್‌ಸ್ಟೆಬಲ್ ಮೊಣ್ಣಪ್ಪ, 1964ರ ಫೆಬ್ರವರಿ 16ರ ಭಾನುವಾರ ಬೆಳಗ್ಗೆ ಎಂಟು ಹತ್ತಕ್ಕೆ ನಾಪೋಕ್ಲು ಠಾಣೆಗೆ ಬಂದು ಮೇಜಿನ ಈಚೆ ನಿಂತ. ಮೈಮೇಲೆ ಸಮವಸ್ತ್ರವಿರಲಿಲ್ಲ. ಹಿಂದಿನ ದಿನದ ಅಂಗಿ, ತೋಳಿನ ಮೇಲೆ ಮಗಳು ಕಕ್ಕಿದ ಕಲೆ. ಕಾನ್‌ಸ್ಟೆಬಲ್ ಪುಟ್ಟರಾಜು ಗಡಿಬಿಡಿಯಿಂದ ಕುರ್ಚಿ ಎಳೆದ.

"ಕೂತ್ಕೊಳ್ಳಿ ದಫೇದಾರ್ರೇ."

"ಕೂರೋಕೆ ಬಂದದ್ದಲ್ಲ. ಕಂಪ್ಲೇಂಟ್ ಉಂಟು. ಬರ್ಕೊ."

ಪುಟ್ಟರಾಜುವಿನ ಬರವಣಿಗೆ ಕಾಗೆ ಕಾಲು ಗುಬ್ಬಿ ಕಾಲು ಎಂಬುದು ಠಾಣೆಗೆಲ್ಲ ಗೊತ್ತು. ಎರಡು ಸಾಲಿನ ಹೊತ್ತಿಗೆ ಮೊಣ್ಣಪ್ಪನೇ ಕಾಗದ ಎಳೆದುಕೊಂಡ. ಸಾವಿರ ದೂರು ಬರೆದ ಕೈ ಅದು. ಆದರೆ 'ನನ್ನ ಮಗಳು ಕುಮಾರಿ ಯಮುನ, ವಯಸ್ಸು 19' ಎಂದು ಬರೆದ ಮೇಲೆ ಆ ಕೈ ಮುಂದಕ್ಕೆ ಹೋಗಲೇ ಇಲ್ಲ. ಮುಂದಿನ ಸಾಲು ಬರೆದರೆ ಏನಾಗಿಬಿಡುತ್ತದೋ ಎಂಬ ಹೆದರಿಕೆ. ಹೆಂಡತಿ ತೀರಿಕೊಂಡು ಆರು ವರ್ಷವಾಗಿತ್ತು. ಇದ್ದದ್ದು ಈ ಒಬ್ಬಳು ಮಗಳು.

ಕೊನೆಗೆ ಹೇಗೋ ಬರೆದು ಮುಗಿಸಿದ ದೂರಿನ ಸಾರಾಂಶ ಇಷ್ಟು. ಯಮುನ ಸಂಪಿಗೆ ತಂಡ ಎಂಬ ನಾಲ್ಕು ಹುಡುಗಿಯರ ಹಾಡಿನ ತಂಡದಲ್ಲಿದ್ದಳು. ಕೊಡಗಿನಲ್ಲಿ ಈ ತಂಡ ಗೊತ್ತಿಲ್ಲದವರು ಕಡಿಮೆ. ಇವರಿಗೆ ಬರೆದಿಟ್ಟ ಹಾಡಿಲ್ಲ, ಕಲಿತ ಹೆಜ್ಜೆಯಿಲ್ಲ. ಕೂತವರು ಯಾರಾದರೂ ಒಂದು ಮಾತು ಕೂಗಬೇಕು. ಕಾಫಿ ಎನ್ನಿ, ಬಸ್ಸು ಎನ್ನಿ, ಅತ್ತೆ ಎನ್ನಿ. ಮೊದಲನೆಯವಳು ನಿಂತಲ್ಲೇ ಒಂದು ಸಾಲು ಕಟ್ಟಿ ಎತ್ತುತ್ತಾಳೆ, ಎರಡನೆಯವಳು ಬೆಳೆಸುತ್ತಾಳೆ, ಮೂರನೆಯವಳು ಕೊಂಕು ತೆಗೆಯುತ್ತಾಳೆ, ನಾಲ್ಕನೆಯವಳು ಎಲ್ಲರೂ ನಗುವಂತೆ ಮುಗಿಸುತ್ತಾಳೆ. ಕಷ್ಟವಿರುವುದು ಆ ಕಡೇ ಸಾಲಿನಲ್ಲಿ. ಯಮುನ ಕಡೇ ಸಾಲಿನವಳು.

ಶನಿವಾರ ಮಧ್ಯಾಹ್ನ ಮೂರೂವರೆಗೆ ಕಕ್ಕಬೆ ದಾರಿಯ ಹೊನ್ನಮಲೆ ಎಸ್ಟೇಟಿನಲ್ಲಿ ಪಿಕಿಂಗ್ ಮುಗಿದ ಸಂತೋಷಕೂಟ. ಕಾಫಿ ಒಣಗಿಸುವ ಕಣದಲ್ಲಿ ತಂಡ ಹಾಡಲು ನಿಂತಿತು. ಮೊಣ್ಣಪ್ಪ ಮುಂದಿನ ಸಾಲಿನಲ್ಲೇ ಕೂತಿದ್ದ. ಎರಡು ಪದ್ಯ ಆಯಿತು. ಮೂರನೆಯದಕ್ಕೆ ಯಮುನ ಬಾಯಿ ತೆರೆದಳು, ಸ್ವರ ಬರಲಿಲ್ಲ. ನಾಲಿಗೆಯಿಂದ ತುಟಿ ಸವರಿಕೊಂಡಳು. ಜನ ಅದೂ ಆಟವೆಂದು ನಕ್ಕರು. ಆಮೇಲೆ ಗಾಳಿಯಲ್ಲಿ ಏನನ್ನೋ ಹೆಕ್ಕುತ್ತಾ ಹೆಕ್ಕುತ್ತಾ ಕುಸಿದುಬಿದ್ದಳು. ಮಡಿಕೇರಿ ಆಸ್ಪತ್ರೆಯ ಡಾಕ್ಟರು ಅವಳ ಅಗಲವಾದ ಕಣ್ಣುಪಾಪೆ ನೋಡಿದವರೇ, "ಉಮ್ಮತ್ತಿ ಬೀಜದ ವಿಷ" ಎಂದರು. ಜೀವದ ಬಗ್ಗೆ ಈಗಲೇ ಏನೂ ಹೇಳುವ ಹಾಗಿಲ್ಲ, ಎರಡು ದಿನ ಕಳೆಯಲಿ ಎಂದರು. ಮಗಳಿಗೆ ಅಪ್ಪನ ಗುರುತು ಸಿಗಲಿಲ್ಲ.

ಸಬ್ ಇನ್‌ಸ್ಪೆಕ್ಟರ್ ಕರಿಬಸಪ್ಪನವರು ದೂರು ಓದಿ, ಕ್ರೈಂ ನಂಬರ್ 9/64, ವಿಷ ಉಣಿಸಿದ್ದಕ್ಕೆ ಐಪಿಸಿ 328 ಎಂದು ಎಫ್‌ಐಆರ್ ಮಾಡಿಸಿದರು. ಅವರು ಶನಿವಾರಸಂತೆ ಕಡೆಯವರು. ಮಾತು ಕಡಿಮೆ.

"ನೋಡಿ ಮೊಣ್ಣಪ್ಪ, ದೂರು ಕೊಟ್ಟೋರು ತನಿಖೆ ಮಾಡೋ ಹಂಗಿಲ್ಲ. ಆದ್ರೆ ಆ ಕಡೆಯೋರ ಅರೆಭಾಷೆ ನಂಗೆ ಅರ್ಧಂಬರ್ಧ. ನಾನು ಕೇಳಿದ್ದು ಅವ್ರಿಗೆ ಹೇಳಿ, ಅವ್ರು ಹೇಳಿದ್ದು ನಂಗೆ ಹೇಳಿ. ನಡುವೆ ಬಾಯಿ ಹಾಕ್ಬೇಡಿ."

"ಆಗ್ಲಿ ಸರ್."

"ಮಗಳ ಹತ್ರ ಯಾರಿದಾರೆ?"

"ಪೊನ್ನಮ್ಮ ಅಂತ ಸರ್. ತಂಡದಲ್ಲಿ ಮೊದ್ಲು ಇದ್ದ ಹುಡ್ಗಿ. ಕಕ್ಕಬೆಗೆ ಕೊಟ್ಟದ್ದು, ತವರು ಮಡಿಕೇರಿ. ಯಮುನ ಬಿದ್ದಾಗ ಮೊದ್ಲು ಓಡಿ ಬಂದದ್ದು ಅವ್ಳೇ. ನಿನ್ನೆಯಿಂದ ಒಂದು ಚಣ ಬಿಟ್ಟು ಕದಲ್ಲಿಲ್ಲೆ."

"ಒಳ್ಳೇದಾಯ್ತು" ಎಂದು ಕರಿಬಸಪ್ಪನವರು ಟೋಪಿ ತೆಗೆದುಕೊಂಡರು.

ಹತ್ತೂವರೆಗೆ ಎಸ್ಟೇಟಿನಲ್ಲಿ ಪಂಚನಾಮೆ. ಹುಡುಗಿಯರು ಹೂ ಮುಡಿದು ತಯಾರಾದದ್ದು ಕಣದ ಪಕ್ಕದ ರೈಟರ ಕೋಣೆಯಲ್ಲಿ. ರೈಟರ್ ಕುಟ್ಟಪ್ಪ ಭಾನುವಾರದ ರಜೆಗೆ ಊರಿಗೆ ಹೋಗಿದ್ದ. ಕೋಣೆಯಲ್ಲಿ ಸಿಕ್ಕಿದ್ದು ಬಾಡಿದ ಹೂ, ಒಂದು ಹಿತ್ತಾಳೆ ಗಿಂಡಿ, ಒಂದೇ ಒಂದು ಲೋಟ. ಗಿಂಡಿಯ ತಳದಲ್ಲಿ ಅಂಟಿ ಉಳಿದ ಶುಂಠಿ ಮೆಣಸಿನ ಕಷಾಯದ ಗಸಿ. ಕರಿಬಸಪ್ಪನವರು ಗಸಿಯನ್ನು ಬಿಳಿ ಕಾಗದದ ಮೇಲೆ ಹರಡಿ, ಕಡ್ಡಿಯಿಂದ ಕೆದಕಿದರು. ಕರಿ ಮೆಣಸಿನ ನಡುವೆ ಚಪ್ಪಟೆಯಾದ ಕಂದು ಬೀಜದ ಚೂರುಗಳಿದ್ದವು. ಇಬ್ಬರು ಪಂಚರ ಸಮಕ್ಷಮ ಸೀಲ್ ಮಾಡಿದರು. ಮೊಣ್ಣಪ್ಪ ಗೋಡೆಗೆ ಒರಗಿ ನಿಂತ.

ಮಧ್ಯಾಹ್ನ ಎರಡು ಗಂಟೆಗೆ ತಂಡದ ಮುಂದಾಳು ವಿಶಾಲಾಕ್ಷಮ್ಮ ಠಾಣೆಗೆ ಬಂದಳು. ಮಡಿಕೇರಿಯಲ್ಲಿ ಹೊಲಿಗೆ ಕಲಿಸುವವಳು, ಇಪ್ಪತ್ತೇಳರ ಗಟ್ಟಿ ಹೆಂಗಸು. ಕರಿಬಸಪ್ಪನವರಂತೆ ಅವಳೂ ಶನಿವಾರಸಂತೆಯವಳೇ, ನಡುವೆ ಮಾತು ತಿಳಿಸುವವರು ಬೇಕಾಗಲಿಲ್ಲ.

"ಕಷಾಯ ಮಾಡಿದ್ದು ಯಾರು?"

"ನಾನೇ ಸಾರ್. ಯಾವಾಗ್ಲೂ ನಾನೇ ಮಾಡೋದು."

"ಕುಡಿದೋರು?"

"ನಾವು ನಾಲ್ಕೂ ಜನ. ಒಂದೇ ಲೋಟ."

"ಅದೇ ಗಿಂಡೀಲಿ ಕುಡಿದ ಮೂವರಿಗೆ ಏನೂ ಆಗ್ಲಿಲ್ಲ?"

"ಬಾಯಿ ಸ್ವಲ್ಪ ಒಣಗ್ತು. ಭಯಕ್ಕೆ ಅಂದ್ಕೊಂಡೆ."

"ಯಾವ ಕ್ರಮದಲ್ಲಿ ಕುಡಿದ್ರಿ?"

ವಿಶಾಲಾಕ್ಷಮ್ಮ ಬಿಡಿಸಿ ಹೇಳಿದಳು. ಹಾಡುವ ಕ್ರಮದಲ್ಲೇ ಕುಡಿಯುವುದು ತಂಡ ಹುಟ್ಟಿದಂದಿನ ಪದ್ಧತಿ. ತಳದ ಗಸಿ ಕಡೇ ಸಾಲಿನವಳಿಗೆ, ಗಿಂಡಿ ಅಲ್ಲಾಡಿಸಿ ಬಗ್ಗಿಸಿ ಕೊಡಬೇಕು. ಮೆಣಸು ನಾಲಿಗೆ ಹರಿತ ಮಾಡುತ್ತದೆ ಎಂಬ ನಂಬಿಕೆ. ಕರಿಬಸಪ್ಪನವರ ಪೆನ್ನು ನಿಂತಿತು. ಭಾರದ ಬೀಜ ತಳಕ್ಕಿಳಿಯುತ್ತದೆ, ತಳ ಯಮುನಳ ಪಾಲು. ಹಾಕಿದವರಿಗೆ ಈ ಪದ್ಧತಿ ಗೊತ್ತಿರಲೇಬೇಕು.

"ಇದು ಯಾರ್ಯಾರಿಗೆ ಗೊತ್ತು?"

"ತಂಡದೋರಿಗೆ ಮಾತ್ರ."

"ಕೋಣೆಗೆ ಹೊರಗಿನೋರು ಯಾರಾದ್ರೂ ಬಂದಿದ್ರಾ?"

"ಇಲ್ಲ ಸಾರ್. ಬಾಗಿಲಿಗೆ ಅಗುಳಿ ಹಾಕಿದ್ವಿ."

ಹೀಗೆ ತಂಡದ ಚರಿತ್ರೆ ಕೇಸ್ ಡೈರಿಗೆ ಏರಿತು. 1957ರಲ್ಲಿ ಹೊಲಿಗೆ ತರಗತಿಯ ನಾಲ್ವರು ಹುಡುಗಿಯರು ಶುರು ಮಾಡಿದ್ದು. ಮೊದಲ ಸಾಲು ಅಂದಿನಿಂದ ವಿಶಾಲಾಕ್ಷಮ್ಮನದೇ. ಎರಡನೆಯವಳು ನರ್ಸ್ ಕಲಿಯಲು ಮೈಸೂರಿಗೆ ಹೋದಳು, ಆ ಜಾಗಕ್ಕೆ ಶಿವಮ್ಮ. ಮೂರನೆಯವಳು ಮದುವೆಯಾಗಿ ಮಂಗಳೂರಿಗೆ, ಆ ಜಾಗಕ್ಕೆ ಎಸ್ಟೇಟ್ ಕೂಲಿ ಲೈನಿನ ಸುಬ್ಬಿ. ಐದು ವರ್ಷ ಕಡೇ ಸಾಲು ಹಾಡಿದ ಪೊನ್ನಮ್ಮ 1962ರಲ್ಲಿ ಮದುವೆಯಾಗಿ ಬಿಟ್ಟಳು. ಆಮೇಲೆ ಮೂವರನ್ನು ನಿಲ್ಲಿಸಿ ನೋಡಿದರು, ಯಾರಿಗೂ ಹತ್ತಲಿಲ್ಲ. ಕಳೆದ ದೀಪಾವಳಿಗೆ ಯಮುನ ಬಂದಳು, ತಂಡಕ್ಕೆ ಮತ್ತೆ ಜೀವ ಬಂತು. ಹೋದವರು ಮತ್ತೆ ಸೇರುವಂತಿಲ್ಲ. ಮದುವೆಯಾದವಳು ತಂಡ ಬಿಡಬೇಕೆಂಬುದು ಮೊದಲ ದಿನದ ನಿಯಮ. ಹಾಗೆ ಮಾತು ಕೊಟ್ಟಿದ್ದರಿಂದಲೇ ಹೆತ್ತವರು ಹುಡುಗಿಯರನ್ನು ಕಳಿಸಿದ್ದು.

ವಿಶಾಲಾಕ್ಷಮ್ಮ ಹೋದ ಮೇಲೆ ಕರಿಬಸಪ್ಪನವರು, "ಬೇಲಿನೇ ಎದ್ದು ಹೊಲ ಮೇಯ್ದಿದೆ ಕಣ್ರೀ. ಮೂವರಲ್ಲಿ ಒಬ್ಬಳು" ಎಂದರು.

ಮೊಣ್ಣಪ್ಪ ಆ ಸಂಜೆ ಆಸ್ಪತ್ರೆಗೆ ಹೋದವನೇ ವಾರ್ಡಿನ ಆಯಾಳಿಗೆ ತಾಕೀತು ಮಾಡಿದ: ತಂಡದ ಮೂವರು ಬಂದರೆ ಒಳಗೆ ಬಿಡಬೇಡಿ, ಅವರು ತಂದದ್ದು ಏನೂ ಕೊಡಬೇಡಿ. ಆಸ್ಪತ್ರೆ ಅಂಗಳದ ಹುಣಿಸೆ ಮರದಡಿ ಕಾದಿದ್ದ ಸುಬ್ಬಿಯನ್ನು ಅವನೇ ಗದರಿಸಿ ಕಳಿಸಿದ. ಆ ಹುಡುಗಿ ಅಳುತ್ತಾ ಹೋದಳು. ಹಗ್ಗವೆಲ್ಲ ಹಾವಾಗಿ ಕಾಣುವ ಹೊತ್ತು ಅದು. ನರ್ಸು ಕೊಟ್ಟ ನೀರನ್ನೂ ತಾನು ಮೊದಲು ಕುಡಿದು ನೋಡಿದ. ಯಮುನ ಒಮ್ಮೆ ನಗುತ್ತಿದ್ದಳು, ಒಮ್ಮೆ ಹಾಸಿಗೆಯ ಮೇಲೆ ಇಲ್ಲದ ನೂಲು ಹೆಕ್ಕುತ್ತಿದ್ದಳು. ಇವಳು ಹೀಗೇ ಉಳಿದುಬಿಟ್ಟರೆ ಎಂಬ ಯೋಚನೆ ಬಂದಾಗಲೆಲ್ಲ ಅವನು ಎದ್ದು ವರಾಂಡಕ್ಕೆ ಹೋಗಿಬರುತ್ತಿದ್ದ.

ಸೋಮವಾರ ಬೆಳಗ್ಗೆ ಪೊನ್ನಮ್ಮ ತವರಿಗೆ ಹೋಗಿ ಸ್ನಾನ ಮುಗಿಸಿ, ಹಿಡಿಕೆಯ ತೂಕುಪಾತ್ರೆಯಲ್ಲಿ ಗಂಜಿ ಹಿಡಿದು ಬಂದಳು.

"ನೀವು ಹೋಗಿ ಮಾವ. ನಾ ಇಲ್ಲೇ ಇದ್ದೇನೆ ಅಲ್ಲಾ? ಎಚ್ಚರ ಆದ್ರೆ ಎರಡು ಚಮಚ ಕುಡಿಸ್ತೇನೆ."

"ನೀ ಇದ್ದದ್ದಕ್ಕೆ ನಾ ಬದುಕಿದೆ ಮಗ್ಳೆ" ಎಂದು ಮೊಣ್ಣಪ್ಪ ಜೀಪು ಹತ್ತಿದ.

ಹನ್ನೊಂದು ಇಪ್ಪತ್ತಕ್ಕೆ ಎಸ್ಟೇಟಿನಲ್ಲಿ ರೈಟರ್ ಕುಟ್ಟಪ್ಪನ ಹೇಳಿಕೆ. ಸಣಕಲು ಮನುಷ್ಯ. ದಿನಾ ಬೆಳಗ್ಗೆ ಲೈನಿನ ಆಳುಗಳ ತಲೆ ಎಣಿಸಿ ಹಾಜರಿ ಬರೆಯುವುದು ಅವನ ಕೆಲಸ. ಎಣಿಸುವುದು ಅವನಿಗೆ ರಕ್ತದಲ್ಲೇ ಸೇರಿಹೋಗಿತ್ತು, ಮದುವೆ ಮನೆಯ ಪಂಕ್ತಿಯನ್ನೂ ಎಣಿಸುತ್ತಿದ್ದ.

"ಕೋಣೆ ಬೀಗ ತೆಗೆದುಕೊಟ್ಟದ್ದು ಯಾರು, ಎಷ್ಟು ಗಂಟೆಗೆ?" ಕರಿಬಸಪ್ಪನವರು ಕೇಳಿದರು. ಮೊಣ್ಣಪ್ಪ ಅರೆಭಾಷೆಯಲ್ಲಿ ತಿಳಿಸಿದ.

"ನಾನೇ. ಎರಡೂವರೆಗೆ."

"ಒಳಗೆ ಯಾರು ಹೋದ್ರು?"

"ತಂಡದವು ಮಾತ್ರ. ಐದ್ ಜನ."

ಮೊಣ್ಣಪ್ಪ ತಿಳಿಸಲಿಲ್ಲ. ಆ ಮಾತು ಕರಿಬಸಪ್ಪನವರಿಗೇ ಅರ್ಥವಾಗಿತ್ತು.

"ಐದಾ? ತಂಡ ನಾಲ್ಕು ಜನದ್ದಲ್ವಾ?"

"ನಾಲ್ಕೋ ಐದೋ ನಂಗೆ ಗೊತ್ತಿಲ್ಲೆ ಸ್ವಾಮಿ. ನಾ ಎಣಿಸ್ದೆ, ಐದ್ ಇತ್ತು. ಎಲ್ಲರದ್ದೂ ಒಂದೇ ತರ ಹಸ್ರು ಸೀರೆ. ಒಬ್ಬಳು ಮಾತ್ರ ಕರಿಮಣಿ ಹಾಕಿದ್ದಳು. ಅವ್ಳೇ ಎಲ್ಲರಿಗೂ ಹೂ ಮುಡಿಸ್ತಾ ಇದ್ದಳು, ಕಿಟಕಿ ಹತ್ರ, ಗಿಂಡಿ ಪಕ್ಕ."

ಹೊರಗಿನವರು ಬಂದಿದ್ದರೇ ಎಂದು ಕೇಳಿದ್ದಕ್ಕೆ ವಿಶಾಲಾಕ್ಷಮ್ಮ ಇಲ್ಲವೆಂದಿದ್ದು ಸುಳ್ಳಾಗಿರಲಿಲ್ಲ. ಐದು ವರ್ಷ ಒಂದೇ ಲೋಟದಲ್ಲಿ ಕುಡಿದವಳನ್ನು ಅವರಲ್ಲಿ ಯಾರೂ ಹೊರಗಿನವಳೆಂದು ಎಣಿಸಿರಲಿಲ್ಲ. ಮೊಣ್ಣಪ್ಪನೂ ಎಣಿಸಿರಲಿಲ್ಲ. ಮೂರು ಹುಡುಗಿಯರಿಗೆ ಬಾಗಿಲು ಮುಚ್ಚಿ, ನಾಲ್ಕನೆಯವಳನ್ನು ತಾನೇ ಕುರ್ಚಿ ಹಾಕಿ ಮಗಳ ತಲೆದೆಸೆಯಲ್ಲಿ ಕೂರಿಸಿ ಬಂದಿದ್ದ.

"ಸರ್, ಪೊನ್ನಮ್ಮ ಗಂಜಿ ತಂದವ್ಳೆ" ಎಂದ. ಜೀಪಿನತ್ತ ಓಡಿದ.

ನಾಪೋಕ್ಲು ಅಂಚೆ ಕಚೇರಿಯಿಂದ ಆಸ್ಪತ್ರೆಗೆ ಟ್ರಂಕ್ ಕಾಲ್ ಹಚ್ಚಿದರು. ಲೈನ್ ಸಿಗಲಿಲ್ಲ. ಹತ್ತು ನಿಮಿಷ ಅಲ್ಲೇ ಹೋಯಿತು. ಮಡಿಕೇರಿ ದಾರಿಯ ತಿರುವುಗಳನ್ನು ಜೀಪು ಹತ್ತುತ್ತಿದ್ದರೆ ಮೊಣ್ಣಪ್ಪ ಮುಂದಿನ ಕಂಬಿ ಹಿಡಿದು, ಇಗ್ಗುತಪ್ಪನಿಗೂ ಕಾವೇರಿಗೂ ಹರಕೆ ಹೊತ್ತ. ಹೋದ ಹೆಂಡತಿಯನ್ನು ಕರೆದ. ಒಂದು ತೂಕುಪಾತ್ರೆ ಗಂಜಿ, ಎರಡೇ ಚಮಚ. ಅಷ್ಟು ಸಾಕು. ಕರಿಬಸಪ್ಪನವರು ಸಮಾಧಾನದ ಮಾತು ಆಡಲಿಲ್ಲ, ಡ್ರೈವರನಿಗೆ "ಇನ್ನೂ ಒತ್ತಯ್ಯಾ" ಎಂದರು ಅಷ್ಟೆ.

ಹನ್ನೆರಡು ಐವತ್ತಕ್ಕೆ ವಾರ್ಡಿಗೆ ನುಗ್ಗಿದಾಗ ಪೊನ್ನಮ್ಮನ ಕೈಯಲ್ಲಿ ಚಮಚವಿತ್ತು. ತೂಕುಪಾತ್ರೆ ಅರ್ಧ ಖಾಲಿಯಾಗಿತ್ತು. ಮೊಣ್ಣಪ್ಪ ಅವಳ ರಟ್ಟೆ ಹಿಡಿದು ಎಳೆದ. ಚಮಚ ನೆಲಕ್ಕೆ ಬಿತ್ತು.

"ಎಂಥ ಹಾಕಿದೆ ಇದಕ್ಕೆ? ಹೇಳ್. ಎಂಥ ಹಾಕಿದೆ?"

ಪೊನ್ನಮ್ಮ ಅವನ ಮುಖ ನೋಡಿದಳು, ಹಿಂದೆ ನಿಂತ ಕರಿಬಸಪ್ಪನವರನ್ನು ನೋಡಿದಳು. ಆಮೇಲೆ ತೂಕುಪಾತ್ರೆ ಎತ್ತಿ, ಉಳಿದ ಗಂಜಿಯನ್ನು ಗಟಗಟ ತಾನೇ ಕುಡಿದು ಕೆಳಗಿಟ್ಟಳು.

"ಇದ್ರಲ್ಲಿ ಏನೂ ಇಲ್ಲೆ ಮಾವ. ಉಪ್ಪು ಮಾತ್ರ. ಹಾಕಿದ್ದು ಅವತ್ತು."

ವಾರ್ಡಿನ ಆಯಾಳನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಒಂದೂವರೆ ಗಂಟೆಗೆ ದಸ್ತಗಿರಿ ಎಂದು ಬರೆದರು. ತೂಕುಪಾತ್ರೆಯನ್ನೂ ಸೀಲ್ ಮಾಡಿದರು. ಡಾಕ್ಟರು ಬಂದು ನಾಡಿ, ಕಣ್ಣು ನೋಡಿ, ಪಾಪೆ ಕುಗ್ಗುತ್ತಿದೆ, ಇನ್ನು ಹೆದರಬೇಡಿ ಎಂದರು. ಮೊಣ್ಣಪ್ಪ ಮಂಚದ ಕಬ್ಬಿಣ ಹಿಡಿದು ಮಗುವಿನಂತೆ ಅತ್ತ.

ಕರಿಬಸಪ್ಪನವರು ವರಾಂಡದ ಬೆಂಚಿನ ಮೇಲೆ ಪೊನ್ನಮ್ಮನನ್ನು ಕೂರಿಸಿ, ಮಾತು ತಿಳಿಸಲು ಮೊಣ್ಣಪ್ಪನನ್ನೂ ಕರೆದು ಕೇಳಿದರು.

"ಕೊಲ್ಲಬೇಕು ಅಂತಿದ್ದೆಯಾ?"

"ಇಲ್ಲೆ. ಗಂಟಲು ಒಣಗ್ಬೇಕು, ಒಂದು ಹೊತ್ತು ಸ್ವರ ಬರ್ಬಾರ್ದು ಅಂತ. ನಾಲ್ಕೇ ಬೀಜ ಸಾಕಿತ್ತು ಕಾಣ್ತದೆ. ನಂಗೆ ಅಳತೆ ಗೊತ್ತಾತಿಲ್ಲೆ."

"ಯಾಕೆ?"

ಅವಳು ನಿಧಾನವಾಗಿ ಹೇಳಿದ್ದು ಇದು. ಗಂಡ ಬೋಜಪ್ಪ ಕೆಟ್ಟವನಲ್ಲ. ಆದರೆ ಆ ಮನೆಯಲ್ಲಿ ಸೊಸೆಯ ದನಿ ಅಂಗಳ ದಾಟಬಾರದು. ಎರಡು ವರ್ಷದಲ್ಲಿ ಅವಳು ಒಂದು ಸಾಲೂ ಕಟ್ಟಿರಲಿಲ್ಲ. ಗಂಡ ಏಲಕ್ಕಿ ಮಾರಲು ಮಂಗಳೂರಿಗೆ ಹೊರಟ ವಾರವೇ, ಹತ್ತಿರದ ಹೊನ್ನಮಲೆಗೆ ತಂಡ ಬರುತ್ತದೆಂದು ತಿಳಿಯಿತು. ಒಂದೇ ಒಂದು ಸಲ ನಿಲ್ಲುತ್ತೇನೆಂದು ವಿಶಾಲಾಕ್ಷಮ್ಮನಿಗೆ ಕಾಗದ ಬರೆದಳು. ಮದುವೆಯಾದವರು ಹಾಡುವಂತಿಲ್ಲ, ಬಂದು ಕೇಳಿ ಹೋಗು ಎಂದು ಉತ್ತರ ಬಂತು.

"ಆ ನಿಯಮ ಮಾಡಿದ್ದು ನಾನೇ ಸ್ವಾಮಿ, ಐವತ್ತೇಳರಲ್ಲಿ. ಆಗ ನಂಗೆ ಹದಿನೇಳು. ಮದುವೆ ಅಂದ್ರೆ ಎಂಥ ಅಂತ ಗೊತ್ತಿರ್ಲಿಲ್ಲೆ." ಸೆರಗಿನಿಂದ ಮುಖ ಒರೆಸಿಕೊಂಡಳು. "ಅವ್ಳ ಸ್ವರ ನಿಂತ್ರೆ ಜನ ನನ್ನ ಕರೀತಾರೆ ಅಂತ ತಂಡದ ಹಳೇ ಹಸ್ರು ಸೀರೆ ಉಟ್ಟು ಹೋದೆ. ಅವ್ಳು ಬಿದ್ದ ಮೇಲೆ ಹಾಡೋದು ನಂಗೆ ನೆನಪೇ ಆತಿಲ್ಲೆ."

ಕರಿಬಸಪ್ಪನವರು ಅಷ್ಟನ್ನೂ ಬರೆದು ಓದಿ ಹೇಳಿದರು. ಅವಳು ಹೌದೆಂದು ತಲೆಯಾಡಿಸಿದಳು.

ಬುಧವಾರ 19ನೇ ತಾರೀಖು ಯಮುನಳಿಗೆ ಪೂರ್ತಿ ಎಚ್ಚರವಾಯಿತು. ಹೇಳಿಕೆ ಪಡೆಯಲು ಪುಟ್ಟರಾಜು ಬಂದ. ಅವನ ಅಕ್ಷರ ಕೋರ್ಟಿಗೆ ಹೋಗುವಂಥದ್ದಲ್ಲ, ಮೊಣ್ಣಪ್ಪನಂತೂ ಬರೆಯುವಂತಿರಲಿಲ್ಲ. ಕೊನೆಗೆ ಡಾಕ್ಟರೇ ಬರೆದುಕೊಂಡರು. ಎಲ್ಲ ಮುಗಿದ ಮೇಲೆ ಅವಳು ಅಪ್ಪನನ್ನು ಕೇಳಿದಳು.

"ಪೊನ್ನಕ್ಕ ಯಾಕೆ ಹಂಗೆ ಮಾಡಿದ್ದು?"

ಅವನಿಗೆ ಆ ಹೆಂಗಸಿನ ಮೇಲೆ ಇನ್ನೂ ಸಿಟ್ಟಿತ್ತು, ಸಾಯುವತನಕ ಇರುತ್ತದೆ ಎಂದೇ ಅಂದುಕೊಂಡಿದ್ದ. ಆದರೂ ಒಂದನ್ನೂ ಮುಚ್ಚದೆ, ವರಾಂಡದಲ್ಲಿ ಕೇಳಿದ್ದನ್ನೆಲ್ಲ ಹೇಳಿದ. ಯಮುನ ಕಣ್ಣು ಮುಚ್ಚಿ ಕೇಳಿದಳು. ಸ್ವರ ಇನ್ನೂ ಒಡೆದೇ ಇತ್ತು.

"ಆ ದಿನ ನಂಗೆ ಜ್ವರ ಇತ್ತಪ್ಪ. ನನ್ನ ಬದ್ಲು ಯಾರಾದ್ರೂ ನಿಲ್ತಾರಾ ಅಂತ ಬೆಳಗ್ಗಿಂದ ವಿಶಾಲಕ್ಕನ್ನ ಕೇಳ್ತಾ ಇದ್ದೆ."