ವೈಡೂರ್ಯದ ಕರಡಿಗೆ

ಕಣ್ಣೆದುರಿಗೇ ಕಳ್ಳತನವಾಗಿತ್ತು.

ಬಸವೇಶ್ವರನಗರದ ನೀಲಮ್ಮನವರು ಎಡ ಅಂಗೈಯಲ್ಲಿ ಇಷ್ಟಲಿಂಗ ಹಿಡಿದು ಪೂಜೆಗೆ ಕುಳಿತರೆ, ಮನೆಗೆ ಬೆಂಕಿ ಬಿದ್ದರೂ ದೃಷ್ಟಿ ಕದಲಿಸುವವರಲ್ಲ. ಯಾರೋ ಬಂದು ಹೋದದ್ದು ತಿಳಿಯಿತು. ನೋಡಲಿಲ್ಲ. ಪೂಜೆ ಮುಗಿಸಿ ಕೈಚಾಚಿದರೆ ಲಿಂಗವಿಡುವ ಬೆಳ್ಳಿ ಕರಡಿಗೆ ಮಾಯ! ಮಣೆಯ ಮೇಲೆ ಮಡಿಸಿದ ಬಿಳಿ ಬಟ್ಟೆಯೊಂದಿತ್ತು.

"ಇನ್ಯಾರು ಮೇಡಂ? ಕೆಲಸದ ಕಲಾನೇ," ಎಂದ ನೀಲಮ್ಮನವರ ಅಣ್ಣನ ಮಗ ನಾಗಭೂಷಣ್, ತನಿಖೆಗೆ ಬಂದ ಸಬ್‌ಇನ್‌ಸ್ಪೆಕ್ಟರ್ ಮಾಲವಿಕಾಗೆ.

ಕಲಾ ಅಳುತ್ತಿದ್ದಳು. "ಕಳ್ಳಿ ಅಂತ ಹೆಸರು ಬಂದ್ರೆ ಈ ಏರಿಯಾದಲ್ಲಿ ಯಾರು ಕೆಲಸ ಕೊಡ್ತಾರೆ?"

ನೀಲಮ್ಮನವರು ತುಟಿ ಬಿಚ್ಚಲಿಲ್ಲ. ಮಾಲವಿಕಾಗೆ ರೇಗಿತು.

"ಬೆಳಿಗ್ಗೆ ಬೇರೆ ಯಾರು ಬಂದಿದ್ರು?"

"ಪುಸ್ತಕ ಬರೆಯೋ ಸಿದ್ದಲಿಂಗೇಶ್ ಸಾರ್. ಅಮ್ಮ ಪೂಜೇಲಿದಾರೆ ಅಂದೆ. ಹಾಲ್‌ನಲ್ಲಿ ಕೂತಿದ್ದು ಹೋದ್ರು," ಎಂದಳು ಕಲಾ.

"ನನ್ನ ಹಾಗೇ ರತ್ನಗಳ ಹಳೇ ಹೆಸರು ಹುಡುಕೋರು. ಅವರ್ಯಾಕೆ ಕದೀತಾರೆ?" ಎಂದರು ನೀಲಮ್ಮ.

\*\*\*

"ಕರಡಿಗೆ ಹೇಗಿತ್ತಮ್ಮಾ?"

"ಮೇಲೊಂದು ಹಸಿರು ಕಲ್ಲು. ಸುತ್ತ ಹಳೇ ಕಾಲದ ಕನ್ನಡ ಅಕ್ಷರದಲ್ಲಿ 'ವೈಡೂರ್ಯ' ಅಂತ ಕೆತ್ತಿದೆ."

"ವೈಡೂರ್ಯ ಬೆಕ್ಕಿನ ಕಣ್ಣಿನ ಥರ ಇರುತ್ತಲ್ವಾ?"

ನೀಲಮ್ಮನವರ ಮುಖ ಅರಳಿತು. "ಈಗ ಹಾಗೆ! ಹಿಂದೆ ಈ ಹಸಿರು ಕಲ್ಲಿಗೇ ಆ ಹೆಸರು. ಪಾಲೀಲಿ ವೇಳುರಿಯ, ಗ್ರೀಕರಿಗೆ ಬೆರಿಲ್ಲೋಸ್, ಇಂಗ್ಲಿಷಿನೋರಿಗೆ ಬೆರಿಲ್! ಕನ್ನಡದಲ್ಲಿ ಎಂದೂ ಹಾಗಿರ್ಲಿಲ್ಲ ಅಂತ ಸಿದ್ದಲಿಂಗೇಶ್ ಪುಸ್ತಕಾನೇ ಬರೆದಿದಾರೆ. ಅದು ತಪ್ಪು ಅಂತ ನಾಳೆ ವಿದ್ವಾಂಸರ ಸಭೇಲಿ ಕರಡಿಗೆ ತೋರಿಸೋಳಿದ್ದೆ. ಅವರಿಗೂ ಹೇಳಿದ್ದೆ."

ಮಾಲವಿಕಾ ಬಿಳಿ ಬಟ್ಟೆ ಬಿಚ್ಚಿದಳು. ನಡುವೆ ವಿಭೂತಿಯ ದುಂಡು ಗುರುತು. ತುದಿಯಲ್ಲಿ ಗಂಟಿನ ಸುಕ್ಕು.

"ಲಿಂಗವಸ್ತ್ರ. ಕರಡಿಗೆ ಇಲ್ಲದೋರು ಲಿಂಗಾನ ಇದ್ರಲ್ಲೇ ಕಟ್ಟಿ ಕೊರಳಿಗೆ ಹಾಕ್ಕೋತಾರೆ. ಇದು ನಮ್ಮನೇದಲ್ಲ," ಎಂದರು ನೀಲಮ್ಮ.

ಮಾಲವಿಕಾ ತಟ್ಟನೆ ನಾಗಭೂಷಣನ ಕಡೆ ತಿರುಗಿದಳು. "ನಿಮ್ದು ತೋರಿಸಿ ಸಾರ್."

ಅವನು ಬೆವರುತ್ತಾ ಅಂಗಿಯೊಳಗಿಂದ ತನ್ನ ಕರಡಿಗೆ ಎಳೆದ. ಬೆಳ್ಳಿಯದೇ. ಬಚಾವಾದ!

\*\*\*

ಜೀಪು ಕೆಂಗೇರಿ ಉಪನಗರಕ್ಕೆ ಹಾರಿತು. ಬಾಗಿಲು ತೆರೆದ ಸಿದ್ದಲಿಂಗೇಶ್, ಮಾಲವಿಕಾ ಏನೂ ಕೇಳುವ ಮೊದಲೇ ಶುರುಮಾಡಿದ. "ನಾನು ಹಾಲ್ ದಾಟೇ ಇಲ್ಲ ಮೇಡಂ!" ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡ ಹಾಗೆ.

"ನಿಮ್ಮ ಲಿಂಗ ತೋರಿಸಿ ಸಾರ್. ಮುಟ್ಟಲ್ಲ."

ಕೊರಳಿನಿಂದ ಹೊರಬಂದದ್ದು ಚೌಕಳಿ ಕರ್ಚೀಫಿನ ಗಂಟು! ಕರಡಿಗೆ ಅವನ ಪುಸ್ತಕದ ಬೀರುವಿನಲ್ಲಿ ಸಿಕ್ಕಿತು.

"ಪೂಜೆಗೆ ಕೂತೋರು ಕಣ್ಣೆತ್ತಲ್ಲ ಅಂತ ನಿಮಗೆ ಗೊತ್ತಿತ್ತು," ಎಂದಳು ಮಾಲವಿಕಾ. "ಕರಡಿಗೆ ಹೊರಗೆ ಬಂದ್ರೆ ನಿಮ್ಮ ಪುಸ್ತಕ ಸುಳ್ಳಾಗ್ತಿತ್ತು. ಎತ್ಕೊಂಡ್ರಿ. ಆದ್ರೆ ಲಿಂಗ ಧರಿಸಿದೋರು ನೀವು. ಅವರ ಲಿಂಗ ಹೊದಿಕೆ ಇಲ್ಲದೆ ಉಳಿಯೋದು ಸಹಿಸಕ್ಕಾಗ್ಲಿಲ್ಲ. ನಿಮ್ಮ ವಸ್ತ್ರಾನೇ ಬಿಚ್ಚಿಟ್ರಿ. ಬೆಳ್ಳಿ ಆಸೆಗೆ ಬಂದ ಕಳ್ಳ ಹಾಗ್ಮಾಡಲ್ಲ. ಕಲಾ ಲಿಂಗ ಧರಿಸೋಳಲ್ಲ, ಅವಳ ಹತ್ರ ಲಿಂಗವಸ್ತ್ರ ಇರೋದೂ ಇಲ್ಲ."

"ಜೀವಮಾನದ ಕೆಲಸ ಮೇಡಂ..."

"ಅವಳದ್ದೂ ಅಷ್ಟೇ."

\*\*\*

ನೀಲಮ್ಮನವರು ಕರಡಿಗೆಯನ್ನು ಕಣ್ಣಿಗೊತ್ತಿಕೊಂಡರು. ಆಮೇಲೆ ಕಲಾಳ ಕೈ ಹಿಡಿದರು. "ಪೂಜೇಲಿದ್ದೆ ಕಣೇ. ಯಾರು ಅಂತ ನೋಡಕ್ಕಾಗ್ಲಿಲ್ಲ."

"ಅದು ಸರಿ ಅಮ್ಮಾ," ಎಂದಳು ಕಲಾ. "ನಾಗಭೂಷಣ್ ಸಾರ್ ನನ್ನ ಕಳ್ಳಿ ಅಂದಾಗ ಪೂಜೆ ಮುಗಿದಿತ್ತಲ್ವಾ?"